ಕಾರಿನ ಮೂತಿಗೇರಿದ ಹಲ್ಲುಗಳು

1925ರ ಜುಲೈ. ಪ್ಯಾರಿಸ್‌ನಲ್ಲಿ ಅಲಂಕಾರಿಕ ಕಲೆಗಳ ಅಂತರರಾಷ್ಟ್ರೀಯ ಪ್ರದರ್ಶನ ನಡೆದಿದೆ. ಕತ್ತಲಾಗುತ್ತಿದ್ದಂತೆ ಸೇನ್ ನದಿಯ ದಂಡೆಯುದ್ದಕ್ಕೂ ಜನ ನೆರೆದು ಕತ್ತೆತ್ತಿ ನಿಂತಿದ್ದಾರೆ. ಇದ್ದಕ್ಕಿದ್ದಂತೆ ಐಫೆಲ್ ಗೋಪುರದ ಅಂಚುಗಳಲ್ಲಿ ಬೆಳಕು ಹರಿಯುತ್ತದೆ. ನಕ್ಷತ್ರಗಳು ಉದುರುತ್ತವೆ, ರಾಶಿಚಿಹ್ನೆಗಳು ಮೂಡಿ ಮಾಯವಾಗುತ್ತವೆ. ಆಮೇಲೆ ಗೋಪುರದ ಮೈಮೇಲೆ, ಮೇಲಿನಿಂದ ಕೆಳಕ್ಕೆ, ಅಕ್ಷರಗಳು ಹೊತ್ತಿಕೊಳ್ಳುತ್ತವೆ. ಆರು ವರ್ಷದ ಹಿಂದಷ್ಟೇ ಕಾರು ತಯಾರಿಕೆಗೆ ಇಳಿದಿದ್ದ ಕಂಪನಿಯ ಹೆಸರು ಅದು: ಸಿಟ್ರೊಯೆನ್.

ಎರಡೂವರೆ ಲಕ್ಷ ಬಲ್ಬು, ಸುಮಾರು 600 ಕಿಲೋಮೀಟರ್ ತಂತಿ. ಇಟಲಿ ಮೂಲದ ದೀಪಾಲಂಕಾರ ನಿಪುಣ ಫರ್ನಾಂದ್ ಜಾಕೊಪೊತ್ಸಿ ಕಟ್ಟಿದ ಈ ಬೆಳಕಿನಾಟ ಒಂದು ಹಬ್ಬಕ್ಕೆ ಮುಗಿಯಲಿಲ್ಲ. 1934ರವರೆಗೂ ಫ್ರಾನ್ಸಿನ ಅತಿ ಎತ್ತರದ ಕಟ್ಟಡ ರಾತ್ರಿ ಹೊತ್ತು ಒಂದು ಕಾರು ಕಂಪನಿಯ ಬೋರ್ಡ್ ಆಗಿತ್ತು.

ಅದೇ ಕಂಪನಿಯ ಕಾರುಗಳು ಈಗ ನಮ್ಮ ರಸ್ತೆಗಳಲ್ಲೂ ಕಾಣುತ್ತಿವೆ. ಮೂತಿಯ ನಡುವೆ, ಒಂದರ ಮೇಲೊಂದು ಕುಳಿತ, ತಲೆಕೆಳಗಾದ ಎರಡು 'ವಿ' ಗುರುತುಗಳು. ಇಂಗ್ಲಿಷಿನವರೂ ಫ್ರೆಂಚರೂ ಇದನ್ನು ಶೆವ್ರಾನ್ ಎನ್ನುತ್ತಾರೆ. ನೋಡಿದವರು ತಮಗೆ ತೋಚಿದ ಅರ್ಥ ಹೇಳುತ್ತಾರೆ. ಸೈನಿಕರ ತೋಳಿನ ಪಟ್ಟಿ ಎನ್ನುವವರಿದ್ದಾರೆ, ಮೇಲಕ್ಕೆ ತೋರುವ ಬಾಣ, ಅಂದರೆ ಪ್ರಗತಿ ಎನ್ನುವವರಿದ್ದಾರೆ. ಅದು ಎರಡೂ ಅಲ್ಲ. ಅದು ಗ್ರೀಸ್ ಮೆತ್ತಿಕೊಂಡು ಡಬ್ಬಿಯೊಳಗೆ ಸುತ್ತುವ ಗೇರ್ ಚಕ್ರದ ಹಲ್ಲು.

ಕುದುರೆ, ನಕ್ಷತ್ರ, ಬಳೆ

ಕಾರು ಲಾಂಛನಗಳ ಹಿಂದೆ ಸಾಮಾನ್ಯವಾಗಿ ಎರಡು ಬಗೆಯ ಕಥೆ ಇರುತ್ತದೆ. ಒಂದು ವಂಶದ ಕಥೆ. ಔಡಿಯ ನಾಲ್ಕು ಬಳೆಗಳು 1932ರಲ್ಲಿ ಒಂದಾದ ನಾಲ್ಕು ಜರ್ಮನ್ ಕಂಪನಿಗಳ ಗುರುತು. ಬಿಎಂಡಬ್ಲ್ಯು ವೃತ್ತದೊಳಗಿನ ನೀಲಿ-ಬಿಳಿ ಬವೇರಿಯಾ ಪ್ರಾಂತ್ಯದ ಬಣ್ಣ. ಫೆರಾರಿಯ ಮುಂಗಾಲೆತ್ತಿದ ಕುದುರೆ ಮೊದಲ ಮಹಾಯುದ್ಧದಲ್ಲಿ ಸತ್ತ ಇಟಲಿಯ ಪೈಲಟ್ ಫ್ರಾನ್ಚೆಸ್ಕೊ ಬರಾಕಾನ ವಿಮಾನದ ಮೇಲಿದ್ದದ್ದು.

ಇನ್ನೊಂದು ಆಸೆಯ ಕಥೆ. ಮರ್ಸಿಡಿಸ್‌ನ ಮೂರು ಮೂಲೆಯ ನಕ್ಷತ್ರ ನೆಲ, ಜಲ, ಆಕಾಶ ಮೂರರಲ್ಲೂ ನಮ್ಮ ಎಂಜಿನ್ ಓಡಬೇಕು ಎಂಬ ಮಹತ್ವಾಕಾಂಕ್ಷೆ ಹೇಳುತ್ತದೆ.

ಕೆಲವು ಸಲ ಕಥೆ ಲಾಂಛನ ಬಂದ ಮೇಲೆ ಹುಟ್ಟುತ್ತದೆ. ಬಿಎಂಡಬ್ಲ್ಯು ಗುರುತು ತಿರುಗುವ ಪ್ರೊಪೆಲರ್ ಎಂದು ಎಷ್ಟೋ ಜನ ಇಂದಿಗೂ ನಂಬಿದ್ದಾರೆ. 1917ರಲ್ಲಿ ಆ ಗುರುತು ನೋಂದಣಿಯಾದಾಗ ಪ್ರೊಪೆಲರ್ ವಿಚಾರ ಯಾರ ತಲೆಯಲ್ಲೂ ಇರಲಿಲ್ಲ. ಆ ನಂಬಿಕೆಗೆ ಬೀಜ ಬಿದ್ದದ್ದು 1929ರ ಒಂದು ಜಾಹೀರಾತಿನಿಂದ. ವಿಮಾನದ ತಿರುಗುವ ಪ್ರೊಪೆಲರ್ ಒಳಗೆ ಲಾಂಛನ ಮೂಡಿದಂತೆ ಅದರಲ್ಲಿ ಚಿತ್ರಿಸಿದ್ದರು. ಕಂಪನಿಯೂ ಅದನ್ನು ತಿದ್ದುವ ಗೋಜಿಗೆ ಬಹುಕಾಲ ಹೋಗಲಿಲ್ಲ.

ಸಿಟ್ರೊಯೆನ್ ಗುರುತು ಈ ಯಾವ ಗುಂಪಿಗೂ ಸೇರದು. ಅದು ಒಂದು ಯಂತ್ರಭಾಗದ ನೇರ ರೇಖಾಚಿತ್ರ. ಅದನ್ನು ಅರಿಯಲು ಗೇರ್‌ಬಾಕ್ಸ್ ಮುಚ್ಚಳವನ್ನು ಸ್ವಲ್ಪ ತೆರೆಯಬೇಕು.

ಹಲ್ಲಿಗೆ ಹಲ್ಲು ಕೂಡುವ ಬಗೆ

ಒಂದು ಚಕ್ರ ಸುತ್ತುತ್ತಾ ಇನ್ನೊಂದನ್ನು ಸುತ್ತಿಸಬೇಕಾದರೆ ಎರಡಕ್ಕೂ ಹಲ್ಲು ಬೇಕು. ಅತಿ ಸರಳವಾದದ್ದು ನೇರ ಹಲ್ಲು, ವರ್ಕ್‌ಶಾಪಿನವರು ಸ್ಪರ್ ಗೇರ್ ಎನ್ನುವುದು. ಹಲ್ಲುಗಳು ಚಕ್ರದ ಅಗಲಕ್ಕೆ ನೆಟ್ಟಗೆ ಕೊರೆದಿರುತ್ತವೆ. ಮಾಡುವುದು ಸುಲಭ, ಖರ್ಚು ಕಡಿಮೆ.

ತೊಂದರೆ ಸದ್ದಿನದು. ಪ್ರತಿ ಹಲ್ಲೂ ಎದುರಿನ ಹಲ್ಲಿಗೆ ತನ್ನ ಇಡೀ ಅಗಲದಲ್ಲಿ ಒಂದೇ ಸಲಕ್ಕೆ ತಾಗುತ್ತದೆ, ಒಂದೇ ಸಲಕ್ಕೆ ಬಿಡುತ್ತದೆ. ಹೀಗೆ ಸೆಕೆಂಡಿಗೆ ನೂರಾರು ಪೆಟ್ಟು. ಮ್ಯಾನ್ಯುಯಲ್ ಕಾರನ್ನು ರಿವರ್ಸ್ ತೆಗೆಯುವಾಗ ಕೇಳುವ 'ಉಂಯ್' ಎಂಬ ಎಳೆದ ದನಿ ಎಲ್ಲರಿಗೂ ಗೊತ್ತು. ಬಹಳಷ್ಟು ಕಾರುಗಳಲ್ಲಿ ರಿವರ್ಸ್ ಗೇರಿನ ಹಲ್ಲು ನೇರವಾಗಿರುವುದೇ ಅದಕ್ಕೆ ಕಾರಣ. ಮುಂದಕ್ಕೆ ಹೋಗುವಾಗ ಆ ದನಿ ಇರುವುದಿಲ್ಲ. ಆ ಗೇರ್‌ಗಳ ಹಲ್ಲು ಓರೆಯಾಗಿರುತ್ತದೆ.

ಓರೆ ಹಲ್ಲಿನ ಹೆಸರು ಹೆಲಿಕಲ್. ಇಲ್ಲಿ ಹಲ್ಲು ಒಂದು ತುದಿಯಿಂದ ತಾಗಲು ಶುರುವಾಗಿ ನಿಧಾನಕ್ಕೆ ಇನ್ನೊಂದು ತುದಿಗೆ ಸರಿಯುತ್ತದೆ. ಒಂದು ಹಲ್ಲು ಬಿಡುವ ಮೊದಲೇ ಮುಂದಿನದು ಹಿಡಿದಿರುತ್ತದೆ. ಓಟ ನಯವಾಗುತ್ತದೆ, ಸದ್ದು ಇಳಿಯುತ್ತದೆ, ಹೆಚ್ಚು ಭಾರ ಹೊರಲೂ ಆಗುತ್ತದೆ.

ಆದರೆ ಓರೆಗೆ ಒಂದು ದಂಡ ತೆರಬೇಕು. ಓರೆ ಮೈಯನ್ನು ಒತ್ತಿದರೆ ಬಲದ ಒಂದು ಪಾಲು ಪಕ್ಕಕ್ಕೆ ಜಾರುತ್ತದೆ. ಹಾಗಾಗಿ ಸುತ್ತುತ್ತಿರುವ ಚಕ್ರ ತನ್ನ ಶಾಫ್ಟ್ ಉದ್ದಕ್ಕೆ ಒಂದು ಬದಿಗೆ ಸರಿಯಲು ಹವಣಿಸುತ್ತಲೇ ಇರುತ್ತದೆ. ಭಾರ ಹೆಚ್ಚಿದಷ್ಟೂ ಈ ತಳ್ಳಾಟ ಹೆಚ್ಚು. ತಡೆದು ನಿಲ್ಲಿಸಲು ಗಟ್ಟಿ ಬೇರಿಂಗ್ ಬೇಕು. ಹತ್ತೊಂಬತ್ತನೇ ಶತಮಾನದ ಕೊನೆಯಲ್ಲಿ ಅಂಥ ಬೇರಿಂಗ್ ಸುಲಭಕ್ಕೆ ಸಿಗುತ್ತಿರಲಿಲ್ಲ.

ಇದಕ್ಕೊಂದು ಜಾಣ ಉಪಾಯವಿತ್ತು. ಚಕ್ರದ ಅರ್ಧ ಅಗಲಕ್ಕೆ ಹಲ್ಲನ್ನು ಎಡಕ್ಕೆ ಓರೆ ಮಾಡು, ಉಳಿದರ್ಧಕ್ಕೆ ಬಲಕ್ಕೆ. ನಡುವೆ ಎರಡೂ ಕೂಡಿದಲ್ಲಿ 'ವಿ' ಆಕಾರ. ಎತ್ತು ಏರಿಗೆಳೆದರೆ ಕೋಣ ನೀರಿಗೆಳೆಯಿತು ಎಂಬ ಗಾದೆಯನ್ನು ನಾವು ಕೆಟ್ಟ ಜೋಡಿಗೆ ಹೇಳುತ್ತೇವೆ. ಇಲ್ಲಿ ಅದೇ ಜಗ್ಗಾಟ ಉಪಕಾರಕ್ಕೆ ಬರುತ್ತದೆ. ಎಡದ ತಳ್ಳು ಬಲದ ತಳ್ಳನ್ನು ತಿಂದು ಹಾಕಿ ಚಕ್ರ ತನ್ನ ಜಾಗದಲ್ಲೇ ಉಳಿಯುತ್ತದೆ. ನಯವೂ ಉಂಟು, ಬಲವೂ ಉಂಟು, ಪಕ್ಕದ ಕಾಟ ಇಲ್ಲ.

ಕಷ್ಟ ಇರುವುದು ತಯಾರಿಕೆಯಲ್ಲಿ. ಓರೆ ಹಲ್ಲು ಕೊರೆಯುವ ಕಟರ್ ಒಂದು ಬದಿಯಿಂದ ಒಳಹೊಕ್ಕು ಇನ್ನೊಂದು ಬದಿಯಿಂದ ಹೊರಬರಬೇಕು. ನಡುವೆ ಮೂಲೆ ತಿರುಗಿದ ಹಲ್ಲಿನಲ್ಲಿ ಹೊರಬರಲು ದಾರಿಯೇ ಇಲ್ಲ. ಎರಡು ಅರ್ಧಗಳ ನಡುವೆ ಒಂದು ಕಾಲುವೆ ಬಿಟ್ಟು ಕೊರೆಯುವವರಿದ್ದರು. ಕಾಲುವೆಯಿಲ್ಲದೆ, ಉಕ್ಕಿನಲ್ಲಿ, ಅಚ್ಚುಕಟ್ಟಾಗಿ ಮೂಲೆ ಕೂಡಿಸುವುದು ಕೆಲವರ ಕೈಗಷ್ಟೇ ಒಲಿದ ವಿದ್ಯೆಯಾಗಿತ್ತು.

ತಾಯಿಯ ನಾಡಿನಲ್ಲಿ ಕಂಡದ್ದು

ಆಂದ್ರೆ ಸಿಟ್ರೊಯೆನ್ ಹುಟ್ಟಿದ್ದು 1878ರಲ್ಲಿ, ಪ್ಯಾರಿಸ್‌ನಲ್ಲಿ. ತಂದೆ ಹಾಲೆಂಡ್ ಮೂಲದ ಯಹೂದಿ ವಜ್ರ ವ್ಯಾಪಾರಿ, ತಾಯಿ ಪೋಲೆಂಡಿನವರು. ಮಗುವಿಗೆ ಆರು ವರ್ಷವಿದ್ದಾಗ ತಂದೆ ಆತ್ಮಹತ್ಯೆ ಮಾಡಿಕೊಂಡರು. ಹುಡುಗ ಓದಿ, ಫ್ರಾನ್ಸಿನ ಪ್ರತಿಷ್ಠಿತ ಎಂಜಿನಿಯರಿಂಗ್ ಶಾಲೆ ಎಕೋಲ್ ಪಾಲಿಟೆಕ್ನಿಕ್ ಸೇರಿದರು.

1900ರಲ್ಲಿ, 22ರ ವಯಸ್ಸಿನಲ್ಲಿ, ಅವರು ತಾಯಿಯ ಕಡೆಯ ನಂಟರನ್ನು ನೋಡಲು ಪೋಲೆಂಡಿಗೆ ಹೋದರು. ಆಗ ಅದು ರಷ್ಯಾ ಸಾಮ್ರಾಜ್ಯದ ಭಾಗ. ಅಲ್ಲಿನ ಲೋಡ್ಜ್ ಬಟ್ಟೆ ಗಿರಣಿಗಳ ಊರು, ಎತ್ತ ನೋಡಿದರೂ ಸುತ್ತುವ ಯಂತ್ರಗಳು. ಆ ಪ್ರವಾಸದಲ್ಲಿ 'ವಿ' ಹಲ್ಲಿನ ಗೇರ್‌ಗಳು ಅವರ ಕಣ್ಣಿಗೆ ಬಿದ್ದವು. ಅದನ್ನು ತಯಾರಿಸುವ ವಿಧಾನದ ಪೇಟೆಂಟ್ ಕೊಂಡು ಪ್ಯಾರಿಸ್‌ಗೆ ಮರಳಿದರು.

ಸಿಟ್ರೊಯೆನ್ ಈ ಹಲ್ಲನ್ನು ಕಂಡುಹಿಡಿದವರಲ್ಲ. ಅದರ ಬೆಲೆ ಕಂಡವರು, ಉಕ್ಕಿನಲ್ಲಿ ನಿಖರವಾಗಿ ಕೊರೆದು ಮಾರಿದವರು. ಗೆಳೆಯರ ಜೊತೆಗೂಡಿ ಗೇರ್ ತಯಾರಿಕೆ ಶುರು ಮಾಡಿದರು. ಕೆಲವೇ ವರ್ಷದಲ್ಲಿ ಭಾರೀ ಯಂತ್ರಗಳಿಗೆ ಬೇಕಾದ ಗೇರ್‌ಗಳಿಗೆ ಹೆಸರಾದರು. ಸರಕು ಯಾವುದೋ ಗುರುತೂ ಅದೇ ಆಯಿತು, ಎರಡು ಹಲ್ಲು, ಒಂದರ ಮೇಲೊಂದು. ಲಾಂಛನ ಕಾರಿಗಿಂತ ಹಿರಿಯದು.

ಶೆಲ್ ಕಾರ್ಖಾನೆಯಿಂದ ಕಾರಿಗೆ

ಕಾರಿನ ನಂಟು ಬೆಳೆದದ್ದು 1908ರಲ್ಲಿ. ಮೊರ್ಸ್ ಎಂಬ ಕಾರು ಕಂಪನಿ ನಷ್ಟದಲ್ಲಿ ಮುಳುಗಿದ್ದಾಗ ಅದನ್ನು ನೇರ್ಪುಗೊಳಿಸಲು ಸಿಟ್ರೊಯೆನ್ ಅವರನ್ನು ಕರೆಸಿಕೊಂಡರು. ಕಾರ್ಖಾನೆಯನ್ನು ಹೇಗೆ ಜೋಡಿಸಬೇಕು, ಕೆಲಸ ಒಬ್ಬರ ಕೈಯಿಂದ ಇನ್ನೊಬ್ಬರ ಕೈಗೆ ಹೇಗೆ ಸಾಗಬೇಕು ಎಂಬುದೇ ಅವರ ನಿಜವಾದ ಆಸಕ್ತಿಯಾಗಿತ್ತು.

1914ರಲ್ಲಿ ಯುದ್ಧ ಬಂತು. ಫ್ರೆಂಚ್ ಸೇನೆಗೆ ಫಿರಂಗಿ ಶೆಲ್‌ಗಳ ಬರ. ಪ್ಯಾರಿಸ್‌ನ ಜಾವೆಲ್ ದಂಡೆಯಲ್ಲಿ 1915ರಲ್ಲಿ, ಕೆಲವೇ ತಿಂಗಳಲ್ಲಿ, ಸಿಟ್ರೊಯೆನ್ ಒಂದು ಬೃಹತ್ ಕಾರ್ಖಾನೆ ಎಬ್ಬಿಸಿದರು. ದಿನಕ್ಕೆ ಹತ್ತಾರು ಸಾವಿರ ಶೆಲ್ ಹೊರಬರುತ್ತಿತ್ತು. ಗಂಡಸರು ಯುದ್ಧಭೂಮಿಯಲ್ಲಿದ್ದ ಕಾರಣ ಸಾಲುಸಾಲು ಯಂತ್ರಗಳ ಮುಂದೆ ನಿಂತವರಲ್ಲಿ ಹೆಚ್ಚಿನವರು ಹೆಂಗಸರು.

ಯುದ್ಧ ಮುಗಿದಾಗ ಕಾರ್ಖಾನೆ ಇದೆ, ಯಂತ್ರಗಳಿವೆ, ಶೆಲ್ ಕೊಳ್ಳುವವರಿಲ್ಲ. 1919ರಲ್ಲಿ ಅದೇ ಚಾವಣಿಯಡಿಯಿಂದ 'ಟೈಪ್ ಎ' ಎಂಬ ಕಾರು ಹೊರಬಂತು. ಅಮೆರಿಕದಲ್ಲಿ ಹೆನ್ರಿ ಫೋರ್ಡ್ ಮಾಡಿದ್ದನ್ನು ಯುರೋಪಿನಲ್ಲಿ ಮಾಡುವ ಪ್ರಯತ್ನ ಅದು. ಆಗೆಲ್ಲ ಕಾರು ಕೊಂಡವರು ಅದರ ಮೈಕಟ್ಟನ್ನು ಬೇರೊಬ್ಬರಿಂದ ಮಾಡಿಸಿಕೊಳ್ಳುವ ರೂಢಿಯಿತ್ತು. ಟೈಪ್ ಎ ಮಾತ್ರ ಮೈಕಟ್ಟು, ಟಯರು, ದೀಪ, ವಿದ್ಯುತ್ ಸ್ಟಾರ್ಟರ್ ಎಲ್ಲವನ್ನೂ ಹೊತ್ತು, ಕೂತು ಓಡಿಸುವುದಷ್ಟೇ ಬಾಕಿ ಎಂಬಂತೆ ಬರುತ್ತಿತ್ತು.

ಅದರ ರೇಡಿಯೇಟರ್ ನೆತ್ತಿಯಲ್ಲಿ ನೀಲಿ ಎನಾಮೆಲ್ ಬಿಲ್ಲೆ, ಮೇಲೆ ಹೊನ್ನಿನ ಬಣ್ಣದ ಎರಡು 'ವಿ'. ಮೊದಲ ಕಾರುಗಳ ಹಿಂದಿನ ಆಕ್ಸಲ್‌ನಲ್ಲೂ ಇದೇ ಬಗೆಯ ಹಲ್ಲುಗಳ ಗೇರ್ ಇತ್ತು. ಹಾಗಾಗಿ ಆ ಕೆಲವು ವರ್ಷ ಲಾಂಛನ ಹೇಳಿದ ಮಾತು ಅಕ್ಷರಶಃ ನಿಜ. ಮೂತಿಯ ಮೇಲೆ ಕಂಡದ್ದು ಕಾರಿನ ಹೊಟ್ಟೆಯಲ್ಲೂ ಇತ್ತು.

ಊರೆಲ್ಲ ಒಂದೇ ಗುರುತು

ಲಕ್ಷಗಟ್ಟಲೆ ಕಾರು ಮಾಡಿದರೆ ಸಾಲದು, ಲಕ್ಷಗಟ್ಟಲೆ ಜನ ಕೊಳ್ಳಬೇಕು. ಕಾರು ಶ್ರೀಮಂತರ ಶೋಕಿಯಾಗಿದ್ದ ಕಾಲದಲ್ಲಿ ಹೊಸ ಗಿರಾಕಿಗಳನ್ನು ಹುಟ್ಟಿಸಬೇಕಿತ್ತು. ಈ ಹಂತದಲ್ಲಿ ಎಂಜಿನಿಯರ್ ಸಿಟ್ರೊಯೆನ್ ಒಳಗಿದ್ದ ಪ್ರಚಾರದ ಮಾಂತ್ರಿಕ ಎದ್ದು ನಿಂತರು.

1922ರ ಪ್ಯಾರಿಸ್ ಕಾರು ಮೇಳದ ಹೊತ್ತಿಗೆ ವಿಮಾನವೊಂದು ಆಕಾಶದಲ್ಲಿ ಹೊಗೆಯಿಂದ ಕಂಪನಿಯ ಹೆಸರು ಬರೆಯಿತು. ಕಾರುಗಳ ಪುಟ್ಟ ಪ್ರತಿರೂಪಗಳು ಮಕ್ಕಳ ಆಟಿಕೆಯಾಗಿ ಅಂಗಡಿಗೆ ಬಂದವು. ಇಂದು ಆಡುವ ಮಗು ನಾಳೆ ಕೊಳ್ಳುವ ಗಿರಾಕಿ ಎಂಬ ಲೆಕ್ಕ. ಫ್ರಾನ್ಸಿನ ರಸ್ತೆಗಳಿಗೆ ಕಂಪನಿ ಸಾವಿರಾರು ದಾರಿಫಲಕಗಳನ್ನು ಒದಗಿಸಿತು. ತಿರುವು, ಅಡ್ಡರಸ್ತೆ, ಊರಿನ ಹೆಸರು, ಜೊತೆಗೆ ಮೂಲೆಯಲ್ಲಿ ಆ ಎರಡು 'ವಿ'. ಬೇರೆ ಕಂಪನಿಯ ಕಾರು ಓಡಿಸುವವರೂ ಸಿಟ್ರೊಯೆನ್ ತೋರಿದ ದಾರಿಯಲ್ಲೇ ಹೋಗಬೇಕಾಯಿತು.

ಆಮೇಲೆ ಸಾಹಸಯಾತ್ರೆಗಳ ಸರದಿ. ಮುಂದೆ ಚಕ್ರ, ಹಿಂದೆ ರಬ್ಬರ್ ಪಟ್ಟಿ ಇದ್ದ ವಿಶೇಷ ವಾಹನಗಳು 1922–23ರ ಚಳಿಗಾಲದಲ್ಲಿ ಸಹಾರಾ ಮರುಭೂಮಿ ದಾಟಿದವು. ಮೋಟಾರು ವಾಹನ ಆ ಮರಳನ್ನು ದಾಟಿದ್ದು ಅದೇ ಮೊದಲು. 1924–25ರಲ್ಲಿ ಇಡೀ ಆಫ್ರಿಕಾ ಖಂಡ.

1931ರಲ್ಲಿ ಬೈರುತ್‌ನಿಂದ ಬೀಜಿಂಗ್‌ಗೆ ಹೊರಟ ದಂಡಯಾತ್ರೆ ಭಾರತದ ನೆಲವನ್ನೂ ಹಾದು ಹೋಯಿತು. ಜಾರ್ಜ್-ಮರಿ ಆರ್ಟ್ ನೇತೃತ್ವದ ತಂಡ ಶ್ರೀನಗರ ತಲುಪಿ, ಅಲ್ಲಿಂದ ಗಿಲ್ಗಿಟ್‌ನತ್ತ ಹಿಮಾಲಯದ ಕಣಿವೆಗಳನ್ನು ಏರಿತು. ಕುದುರೆಗಳಿಗಷ್ಟೇ ಮಾಡಿದ್ದ ಹಾದಿ ಅದು. ಕುಸಿದ ಕಡೆ ವಾಹನಗಳನ್ನು ಬಿಡಿಬಿಡಿಯಾಗಿ ಕಳಚಿ, ಹೊರೆಯಾಳುಗಳ ಬೆನ್ನ ಮೇಲೆ ಸಾಗಿಸಿ, ಆಚೆ ಮತ್ತೆ ಜೋಡಿಸಿದರು. ಗಿಲ್ಗಿಟ್‌ನಿಂದ ಮುಂದೆ ವಾಹನ ಬಿಟ್ಟು ಕುದುರೆ ಹತ್ತಬೇಕಾಯಿತು. ಚೀನಾದ ಕಡೆಯಿಂದ ಬಂದ ಇನ್ನೊಂದು ತಂಡದೊಡನೆ ಕೂಡಿ 1932ರ ಫೆಬ್ರುವರಿಯಲ್ಲಿ ಬೀಜಿಂಗ್ ಮುಟ್ಟಿದರು. ಮರಳುವ ದಾರಿಯಲ್ಲಿ ಆರ್ಟ್ ಹಾಂಕಾಂಗ್‌ನಲ್ಲಿ ತೀರಿಕೊಂಡರು.

ಹತ್ತು ವರ್ಷದೊಳಗೆ ಗುರುತಿನ ಅರ್ಥ ಬದಲಾಗಿತ್ತು. ಗೇರ್ ಬಲ್ಲವರಿಗೆ ಮಾತ್ರ ತಿಳಿಯುತ್ತಿದ್ದ ಹಲ್ಲು ಈಗ ಹಳ್ಳಿಯ ಮಗುವಿಗೂ ಗೊತ್ತು, ಆದರೆ ಅದು ಹಲ್ಲೆಂದು ಗೊತ್ತಿಲ್ಲ. ಅದು ಈಗ ಮರುಭೂಮಿ, ಆಕಾಶ, ಬೆಳಕಿನ ಗೋಪುರ.

ಒಡೆಯ ಹೋದರು, ಗುರುತು ಉಳಿಯಿತು

ಈ ಬೆಳಕಿಗೆಲ್ಲ ಸಾಲದ ಎಣ್ಣೆ ಸುರಿದಿದ್ದರು. 1934ರಲ್ಲಿ ಜಗತ್ತು ಆರ್ಥಿಕ ಕುಸಿತದಲ್ಲಿದ್ದಾಗ ಸಿಟ್ರೊಯೆನ್ ಇನ್ನೊಂದು ದೊಡ್ಡ ಪಣ ಕಟ್ಟಿದರು. ಮುಂದಿನ ಚಕ್ರಗಳಿಗೆ ಶಕ್ತಿ ಕೊಡುವ, ಚೌಕಟ್ಟಿನ ಬದಲು ಇಡೀ ಮೈಯೇ ಭಾರ ಹೊರುವ 'ಟ್ರಾಕ್ಸಿಯೋಂ ಅವಾಂ' ಎಂಬ ಕಾರು ತಂದರು. ಇಂದು ನಾವು ಓಡಿಸುವ ಸಣ್ಣ ಕಾರುಗಳಲ್ಲಿ ಹೆಚ್ಚಿನವು ಇದೇ ದಾರಿ ಹಿಡಿದಿವೆ. ಅದರ ಗ್ರಿಲ್ ಅಗಲಕ್ಕೂ ದೊಡ್ಡ ಶೆವ್ರಾನ್‌ಗಳು ಚಾಚಿದ್ದವು.

ಕಾರು ಗೆದ್ದಿತು, ಕಂಪನಿ ಸೋತಿತು. 1934ರ ಡಿಸೆಂಬರ್‌ನಲ್ಲಿ ದಿವಾಳಿ. ಅತಿ ಹೆಚ್ಚು ಬಾಕಿ ಬರಬೇಕಿದ್ದ ಟಯರ್ ಕಂಪನಿ ಮಿಶಲಿನ್ ಅದನ್ನು ವಹಿಸಿಕೊಂಡಿತು. ಆಂದ್ರೆ ಸಿಟ್ರೊಯೆನ್ 1935ರ ಜುಲೈನಲ್ಲಿ ಹೊಟ್ಟೆಯ ಕ್ಯಾನ್ಸರ್‌ನಿಂದ ತೀರಿಕೊಂಡರು. ಹೊಸ ಒಡೆಯರು ಖರ್ಚು ಕಡಿದರೇ ಹೊರತು ಹೆಸರನ್ನಾಗಲಿ ಗುರುತನ್ನಾಗಲಿ ಮುಟ್ಟಲಿಲ್ಲ. ಕಟ್ಟಡ, ಯಂತ್ರ, ಸಾಲ ಎಲ್ಲ ಲೆಕ್ಕ ಹಾಕಿದ ಮೇಲೂ ಕಂಪನಿಯ ನಿಜವಾದ ಆಸ್ತಿ ಆ ಎರಡು ಗೆರೆಗಳಲ್ಲಿದೆ ಎಂದು ಅವರಿಗೆ ತಿಳಿದಿತ್ತು.

1955ರಲ್ಲಿ ಬಂದ ಡಿಎಸ್ ಕಾರಿನದು ಇನ್ನೊಂದು ಬಗೆ. ನೆಲಕ್ಕೆ ಬಗ್ಗಿ ಏಳುವ, ಎಣ್ಣೆ ಮತ್ತು ಅನಿಲದ ಒತ್ತಡದ ಸಸ್ಪೆನ್ಷನ್ ಇದ್ದ ಆ ಕಾರಿಗೆ ಪ್ಯಾರಿಸ್ ಮೇಳದ ಮೊದಲ ದಿನವೇ ಸುಮಾರು 12,000 ಬುಕಿಂಗ್ ಆಯಿತು. ಅದರ ಮೂತಿಯ ಮೇಲೆ ಲಾಂಛನವೇ ಇರಲಿಲ್ಲ. ಮುಖ ನೋಡಿದೊಡನೆ ಯಾರ ಮಗು ಎಂದು ಗೊತ್ತಾಗುವಾಗ ಹಣೆಯ ಮೇಲೆ ಹೆಸರು ಬರೆಯುವ ಅಗತ್ಯ ಬೀಳಲಿಲ್ಲ.

ಚೌಕಕ್ಕೆ ಹೋಗಿ ಅಂಡಾಕಾರಕ್ಕೆ ಬಂದದ್ದು

ಗುರುತಿನ ವೇಷ ಮಾತ್ರ ಕಾಲಕಾಲಕ್ಕೆ ಬದಲಾಯಿತು. 1930ರ ದಶಕದ ಆರಂಭದಲ್ಲಿ ಎಂಜಿನ್ನಿನ ನಡುಕ ಮೈಗೆ ತಾಗದಂತೆ ರಬ್ಬರ್ ಮೇಲೆ ಕೂರಿಸುವ ತಂತ್ರವನ್ನು ಅಮೆರಿಕದ ಕ್ರೈಸ್ಲರ್‌ನಿಂದ ಪಡೆದಾಗ ಶೆವ್ರಾನ್ ಮುಂದೆ ಒಂದು ಹಂಸ ತೇಲಿತು. 1985ರಲ್ಲಿ ನೀಲಿ-ಹಳದಿ ಹೋಗಿ ಕೆಂಪು ಚೌಕದಲ್ಲಿ ಬಿಳಿ ಶೆವ್ರಾನ್ ಬಂತು. 2009ರಲ್ಲಿ ಚೂಪು ಮೂಲೆಗಳು ದುಂಡಗಾಗಿ ಕ್ರೋಮ್ ಹೊಳಪು ಪಡೆದವು. ಫೋನ್ ಪರದೆಯ ಕಾಲ ಬಂದಂತೆ ಉಬ್ಬು, ನೆರಳು ಕಳಚಿ ಗೆರೆಗಳು ಮತ್ತೆ ಚಪ್ಪಟೆಯಾದವು. ಬೆರಳುಗಾತ್ರದ ಐಕಾನ್‌ನಲ್ಲಿ ನೆರಳು ಕಾಣುವುದಿಲ್ಲ, ಕಲೆಯಂತೆ ತೋರುತ್ತದೆ.

2022ರ ಸೆಪ್ಟೆಂಬರ್‌ನಲ್ಲಿ ಕಂಪನಿ ಹೊಸ ಲಾಂಛನ ಹೊರಡಿಸಿತು: ನಿಂತ ಅಂಡಾಕಾರದೊಳಗೆ ಎರಡು ದಪ್ಪ ಶೆವ್ರಾನ್. ಇದಕ್ಕೆ ಪ್ರೇರಣೆ 1919ರ ಮೂಲ ಗುರುತು.

ಭಾರತಕ್ಕೆ ಸಿಟ್ರೊಯೆನ್ ಬಂದದ್ದು 2021ರಲ್ಲಿ, ಸಿ5 ಏರ್‌ಕ್ರಾಸ್ ಮೂಲಕ. ಮರುವರ್ಷ ಬಂದ ಸಣ್ಣ ಕಾರು ಸಿ3 ತಯಾರಾಗುವುದು ತಮಿಳುನಾಡಿನ ತಿರುವಳ್ಳೂರಿನಲ್ಲಿ. ಎಂಜಿನ್, ಗೇರ್‌ಬಾಕ್ಸ್ ಘಟಕ ಇರುವುದು ನಮ್ಮ ಗಡಿಗೆ ಅಂಟಿಕೊಂಡ ಹೊಸೂರಿನಲ್ಲಿ. ಸಿ3ಯನ್ನು ಎದುರಿಗೆ ನಿಂತು ನೋಡಿ: ಎರಡು ಶೆವ್ರಾನ್‌ಗಳ ಕಾಲುಗಳೇ ಕ್ರೋಮ್ ಪಟ್ಟಿಗಳಾಗಿ ಎರಡೂ ಬದಿಗೆ ಹರಿದು ದೀಪಗಳನ್ನು ಸೇರುತ್ತವೆ. ಲಾಂಛನ ಅಲ್ಲಿ ಮುಖದ ಮೇಲಿನ ಬೊಟ್ಟಲ್ಲ, ಮುಖದ ಕಟ್ಟೇ ಅದು.

ಹಳೆಯ ಹಲ್ಲು, ಹೊಸ ಮೌನ

ಹಾಗಾದರೆ ಈಗಿನ ಸಿಟ್ರೊಯೆನ್ ಗೇರ್‌ಬಾಕ್ಸ್ ಬಿಚ್ಚಿದರೆ 'ವಿ' ಹಲ್ಲು ಸಿಗುತ್ತದೆಯೇ? ಇಲ್ಲ. ಬೇರಿಂಗ್‌ಗಳು ಸುಧಾರಿಸಿದವು. ಓರೆ ಹಲ್ಲಿನ ಪಕ್ಕದ ತಳ್ಳಾಟವನ್ನು ಅವು ಸುಲಭವಾಗಿ ತಡೆಯುತ್ತವೆ. ಹಾಗಿರುವಾಗ ದುಬಾರಿ 'ವಿ' ಹಲ್ಲನ್ನು ಸಣ್ಣ ಕಾರಿಗೆ ಕೊರೆಯುವವರು ಯಾರು? ಜೋಡಿ ಓರೆಯ ಹಲ್ಲು ಉಳಿದಿರುವುದು ಭಾರೀ ಯಂತ್ರಗಳಲ್ಲಿ. ಹಡಗಿನ ಟರ್ಬೈನ್, ಉಕ್ಕಿನ ರೋಲಿಂಗ್ ಮಿಲ್, ಸಕ್ಕರೆ ಕಾರ್ಖಾನೆಯ ಕಬ್ಬು ಅರೆಯುವ ಮಿಲ್‌ಗಳ ಗೇರ್‌ಬಾಕ್ಸ್‌ಗಳಲ್ಲಿ ಅದಕ್ಕೆ ಇನ್ನೂ ಕೆಲಸವಿದೆ.

ಆದರೆ ಆ ಹಲ್ಲು ಬಿಡಿಸಲು ಹೊರಟ ಸಮಸ್ಯೆ ಕಾರಿನಿಂದ ತೊಲಗಿಲ್ಲ, ಎಲೆಕ್ಟ್ರಿಕ್ ಕಾರಿನಲ್ಲಿ ಇನ್ನಷ್ಟು ಎದ್ದು ಕಾಣುತ್ತಿದೆ. ಅದರ ಮೋಟಾರು ನಿಮಿಷಕ್ಕೆ ಹತ್ತು ಸಾವಿರ ಸುತ್ತು ದಾಟಬಲ್ಲದು. ಚಕ್ರಕ್ಕೆ ಅಷ್ಟು ವೇಗ ಬೇಡ, ಹಾಗಾಗಿ ನಡುವೆ ವೇಗ ಇಳಿಸುವ ಗೇರ್ ಬೇಕೇ ಬೇಕು. ಪೆಟ್ರೋಲ್ ಕಾರಿನಲ್ಲಿ ಗೇರಿನ ಕಿರುದನಿ ಎಂಜಿನ್ ಗದ್ದಲದಲ್ಲಿ ಮುಚ್ಚಿಹೋಗುತ್ತಿತ್ತು. ಈಗ ಮುಚ್ಚಲು ಗದ್ದಲವೇ ಇಲ್ಲ. ಆದ್ದರಿಂದ ಅಲ್ಲಿ ಸಾಮಾನ್ಯವಾಗಿ ಬಳಸುವುದು ಓರೆ ಹಲ್ಲನ್ನೇ. ಅದರ ಓರೆ ಎಷ್ಟಿರಬೇಕು, ಮೈ ಎಷ್ಟು ನಯವಿರಬೇಕು, ಪಕ್ಕದ ತಳ್ಳನ್ನು ಯಾವ ಬೇರಿಂಗ್ ಹೊರಬೇಕು ಎಂಬ ಲೆಕ್ಕಾಚಾರದಲ್ಲಿ ಎಂಜಿನಿಯರುಗಳು ಮತ್ತೆ ತಲೆ ಕೆಡಿಸಿಕೊಂಡಿದ್ದಾರೆ. 1900ರಲ್ಲಿ ಆಂದ್ರೆ ಸಿಟ್ರೊಯೆನ್ ಕೊಂಡ ಪೇಟೆಂಟ್ ಇದೇ ತಕರಾರಿಗೆ ಒಂದು ಉತ್ತರವಾಗಿತ್ತು.

ಲಾಂಛನಗಳಿಗೆ ಅರ್ಥ ತುಂಬಲು ಕಂಪನಿಗಳು ಇಂದು ದೊಡ್ಡ ಹಣ ಸುರಿಯುತ್ತವೆ. ವಕ್ರರೇಖೆಯೊಂದನ್ನು ಎಳೆದು ಅದು ಕನಸು, ಚಲನೆ, ವಿಶ್ವಾಸ ಎಂದು ವಿವರಿಸುತ್ತವೆ. ಆ ವಿವರಣೆಯ ಆಯುಷ್ಯ ಮುಂದಿನ ಲೋಗೊ ಬರುವವರೆಗೆ. ಸಿಟ್ರೊಯೆನ್ ಗುರುತು ಒಡೆಯರನ್ನು, ಬಣ್ಣವನ್ನು, ಚೌಕಟ್ಟನ್ನು ಬದಲಿಸಿಕೊಂಡೂ ಒಂದು ಶತಮಾನ ದಾಟಿತು. ಜಾಹೀರಾತು ಅದಕ್ಕೆ ರೆಕ್ಕೆ ಕೊಟ್ಟಿತು ನಿಜ. ಆದರೆ ಇದರ ಅರ್ಥವೇನು ಎಂದು ಯಾರಾದರೂ ಕೇಳಿದರೆ ಕಥೆ ಕಟ್ಟಬೇಕಿಲ್ಲ. ಒಂದು ಗೇರ್ ಚಕ್ರ ತಂದು ಮೇಜಿನ ಮೇಲಿಟ್ಟರೆ ಸಾಕು.